ನಿನ್ನ ಹೆಸರಿನ ಗುಡಾಣ

ವಾರ್ದಿಖೇವಿ, ಕಾಖೇತಿ
ಡಿಸೆಂಬರ್ ೪, ೧೯೬೦, ಭಾನುವಾರ

ನನ್ನಪ್ಪಾ, ಎಲ್ಗುಜಾ,

ಹೇಗಿದ್ದೀಯಾ? ಕೆಮ್ಮು ಬಿಟ್ಟಿತೇ? ಕಜಕ್‌ಸ್ತಾನದ ಆ ಬಯಲಿನಲ್ಲಿ ಗಾಳಿಗೆ ಅಡ್ಡ ನಿಲ್ಲಲು ಒಂದು ಗುಡ್ಡವೂ ಇಲ್ಲ ಎಂದು ನೀನು ಬರೆದಾಗಿನಿಂದ, ಇಲ್ಲಿ ಕಿಟಕಿ ಬಡಿದುಕೊಂಡರೂ ನನಗೆ ನಿನ್ನ ಎದೆಯದೇ ಚಿಂತೆ. ಕಳಿಸಿದ ಉಣ್ಣೆಯ ಕಾಲುಚೀಲ ಟ್ರ್ಯಾಕ್ಟರ್ ಹತ್ತುವಾಗ ಹಾಕಿಕೋ, ಚೆನ್ನಾಗಿದೆ ಅಂತ ಪೆಟ್ಟಿಗೆಯಲ್ಲಿಟ್ಟು ಕಾಯಬೇಡ. ರೌಶಾನ್ ಹೇಗಿದ್ದಾಳೆ? ಅವಳಿಗೆ ದಿನ ತುಂಬುತ್ತಾ ಬಂತಲ್ಲ, ನೀರಿನ ಬಕೆಟ್ಟು ನೀನೇ ಹೊರು, ಅದರಿಂದ ನಿನ್ನ ಮಾನವೇನೂ ಹೋಗುವುದಿಲ್ಲ. ದ್ರಾಕ್ಷಿರಸದಲ್ಲಿ ಅದ್ದಿ ಒಣಗಿಸಿದ ಅಕ್ರೋಟಿನ ಸರಗಳನ್ನು ಬೇರೆ ಕಟ್ಟಿ ಕಳಿಸಿದ್ದೇನೆ, ಅದು ಅವಳಿಗೆ. ನೀನು ದಾರಿಯಲ್ಲೇ ಅರ್ಧ ಮುಗಿಸುವವನು, ನನಗೆ ಗೊತ್ತು. ನಾವಿಬ್ಬರೂ ಚೆನ್ನಾಗಿದ್ದೇವೆ. ನಿಮ್ಮಪ್ಪನ ಮಂಡಿ ಮಳೆ ಬರುವ ಹಿಂದಿನ ದಿನ ನೋಯುತ್ತದೆ, ರೇಡಿಯೋದವರಿಗಿಂತ ಸರಿಯಾಗಿ ಹೇಳುತ್ತದೆ. ನಿನ್ನ ಪತ್ರ ಬಂದಾಗ ನಾನು ಎಂದಿನಂತೆ ಅಂಗಳದಲ್ಲಿ ಕೂತು ಕೋಳಿಗಳಿಗೆ ಗಟ್ಟಿಯಾಗಿ ಓದಿ ಹೇಳುತ್ತೇನೆ. ನಿಮ್ಮಪ್ಪ ಒಳಗೆ ಕಿಟಕಿಯ ಪಕ್ಕ ಚಪ್ಪಲಿ ಹೊಲಿಯಲು ಕೂರುತ್ತಾರೆ. ಎರಡು ವರ್ಷದಿಂದ ಅದೇ ಒಂದು ಚಪ್ಪಲಿ.

ಈಗ ಸುದ್ದಿಗೆ ಬರುತ್ತೇನೆ. ತಿಬಿಲಿಸಿಯಿಂದ ಸಿನಿಮಾದವರು ಬಂದಿದ್ದರು, ವೈನಿನ ಗುಡಾಣಗಳಿರುವ ನಮ್ಮ ಮರಾನಿಯ ಕೋಣೆಯಲ್ಲಿ ಚಿತ್ರ ತೆಗೆದರು ಎಂದು ಮೇ ತಿಂಗಳಲ್ಲಿ ಒಂದು ಸಾಲು ಬರೆದಿದ್ದೆನಲ್ಲ, ಅಷ್ಟು ಬರೆದು ಸುಮ್ಮನಾಗಿದ್ದೆ. ನಡೆದದ್ದನ್ನು ಬರೆಯಲಿಲ್ಲ, ಏಕೆಂದರೆ ನಿಮ್ಮಪ್ಪ ಬೇಡ ಅಂದಿದ್ದರು. ಯಾಕೆ ಬೇಡ ಅಂದರು ಎನ್ನುವುದನ್ನು ಆಮೇಲೆ ಹೇಳುತ್ತೇನೆ, ಹಾರಿ ಕೊನೆಯ ಪುಟಕ್ಕೆ ಹೋಗಬೇಡ. ಮೊನ್ನೆ ಗುರುವಾರ ಆ ಚಿತ್ರವನ್ನು ನಮ್ಮ ಕ್ಲಬ್ಬಿನಲ್ಲಿ ತೋರಿಸಿದರು. ಅಂದಿನಿಂದ ನನ್ನ ಕೈಗೆ ಕೆಲಸ ಹತ್ತುತ್ತಿಲ್ಲ. ಹಾಲು ಉಕ್ಕಿ ಒಲೆ ಆರಿತು, ರೊಟ್ಟಿ ಸೀದಿತು, ಹಸುವಿನ ಮುಂದೆ ಹುಲ್ಲು ಹಿಡಿದು ನಿಂತು ಮರೆತೆ. ಇನ್ನು ಬರೆಯದೆ ಇದ್ದರೆ ಮನೆಯೇ ಸುಟ್ಟೀತು ಅಂತ ಇವತ್ತು ಕೂತಿದ್ದೇನೆ.

ಚಿತ್ರ ತೆಗೆದವಳು ದಾರೆಜಾನ್ ಅಂತ, ಇನ್ನೂ ಹುಡುಗಿ. ಮಾಸ್ಕೋದಲ್ಲಿ ಓದಿ ಬಂದಿದ್ದಾಳೆ, ಇದು ಅವಳ ಮೊದಲನೆಯ ಚಿತ್ರ, ಅದೂ ಚಿಕ್ಕದು, ಒಲೆಯಲ್ಲಿ ಒಂದು ಸರದಿ ರೊಟ್ಟಿ ಬೇಯುವಷ್ಟು ಹೊತ್ತಿನದು. ಗಂಡಸರ ಕೋಟು ತೊಟ್ಟುಕೊಂಡು, ತಲೆಕೂದಲನ್ನು ಪೆನ್ಸಿಲ್ಲಿನಿಂದ ಸಿಕ್ಕಿಸಿಕೊಂಡು ಊರೆಲ್ಲ ಸುತ್ತಿದಳು. ಪಕ್ಕದ ಮನೆಯ ಶಾಕ್ರೋ ಮಾಮನ ಬಾಯಿ ನಿನಗೆ ಗೊತ್ತಲ್ಲ, "ಗಂಡಸರ ಪಂಕ್ತಿಗೆ ಅಪ್ಪಣೆ ಕೊಡೋಕೆ ಬಂದವಳು ಮೊದಲು ಎರಡು ತುತ್ತು ತಿಂದು ಮೈ ಮಾಡ್ಕೊಳಮ್ಮ" ಅಂದ. ಅವಳು, "ಮಾಮ, ನನ್ನ ಪಾಲಿನದು ನೀವೇ ತಿಂದಿರೋ ಹಾಗಿದೆ" ಅಂದಳು. ಅಂದಿನಿಂದ ಶಾಕ್ರೋ ಅವಳ ಪೆಟ್ಟಿಗೆಗಳನ್ನು ಹೊತ್ತುಕೊಂಡು ತಿರುಗತೊಡಗಿದ. ಅವಳಿಗೆ ಬೇಕಾಗಿದ್ದದ್ದು ಒಂದೇ: ಮಗ ಹುಟ್ಟಿದಾಗ ತಂದೆ ಹೂತಿಟ್ಟ ವೈನಿನ ಗುಡಾಣವನ್ನು ಮದುವೆಯ ದಿನ ತೆರೆಯುವುದು. ಕಥೆ ಅಂದರೆ ಅಷ್ಟೇ. ಜಗಳವಿಲ್ಲ, ಕಳ್ಳನಿಲ್ಲ. "ಇದನ್ನ ಯಾರಮ್ಮ ನೋಡ್ತಾರೆ, ನಾವು ದಿನಾ ಕಾಣೋದೇ" ಅಂತ ಹೆಂಗಸರೆಲ್ಲ ನಕ್ಕೆವು. ನಾನೂ ನಕ್ಕೆ, ಸುಳ್ಳೇಕೆ.

ಆದರೆ ತೆರೆಯಲು ಗುಡಾಣ ಕೊಡುವವರು ಯಾರು? ಒಬ್ಬೊಬ್ಬರ ಮನೆಯಲ್ಲೂ ಹೂತಿಟ್ಟದ್ದಕ್ಕೆ ಒಂದೊಂದು ಹೆಸರಿದೆ, ಆ ಹೆಸರಿನ ಮದುವೆ ಇನ್ನೂ ಮುಂದಿದೆ. ಮದುವೆಯಾಗಿಯೂ ತೆರೆಯದೆ ಉಳಿದದ್ದು ಊರಿನಲ್ಲಿ ಒಂದೇ, ಅದು ನಿನ್ನದು. ಶಾಕ್ರೋ ಸುಮ್ಮನಿದ್ದಾನೆಯೇ? ನಮ್ಮ ಅಂಗಳದಲ್ಲೇ ನಿಂತು ನಿಮ್ಮಪ್ಪನಿಗೆ, "ಏನಯ್ಯ ಇರೋದಿ, ನಿನ್ನ ಮಗನದು ಆಗಿಹೋಯ್ತಲ್ಲ, ಇನ್ನ ಯಾರ ಮದುವೆಗೆ ಕಾಯ್ತಿದ್ದೀಯಾ, ನಿನ್ನದೇ ಎರಡನೇದಕ್ಕಾ?" ಅಂದ. ನಿನ್ನ ತಂತಿ ಬಂದ ದಿನದಿಂದ ನಿಮ್ಮಪ್ಪನ ಮುಂದೆ ನಿನ್ನ ಹೆಸರೆತ್ತಿದವರಿಲ್ಲ. ಹುಡುಗಿ ಕಜಾಕರವಳು ಅಂತ ಅವರಿಗೆ ಸಿಟ್ಟಲ್ಲ ಮಗಾ, ಅದನ್ನು ನಾನು ಎಷ್ಟು ಸಲ ಬರೆದರೂ ನೀನು ನಂಬುವುದಿಲ್ಲ. "ತಂತಿಯಲ್ಲಿ ಮದುವೆಗೆ ಕರೀತಾರೆ, ಮದುವೆ ಮುಗಿಸಿದ್ದನ್ನ ತಿಳಿಸ್ತಾರಾ?" ಅಂತ ಒಂದೇ ಮಾತು ಅಂದು, ಸಹಿ ಹಾಕದೆ ತಂತಿಯವನನ್ನು ವಾಪಸು ಕಳಿಸಿದ್ದರು. ನಾನೇ ಬೀದಿಯ ತುದಿಯವರೆಗೆ ಓಡಿ ಇಸಿದುಕೊಂಡು ಬಂದೆ. ಊರಿನವರ ಮದುವೆಗೆಲ್ಲ ತಮಾದಾ ಆಗಿ ಪಂಕ್ತಿಯ ತಲೆಯಲ್ಲಿ ಕೂತು, ಎಲ್ಲರ ಮಕ್ಕಳನ್ನೂ ಹರಸಿದ ಬಾಯಿ ಅದು. ತನ್ನ ಮಗನಿಗೆ ಹರಸಲು ಸಿಗಲಿಲ್ಲವಲ್ಲ ಎನ್ನುವ ಉರಿ. ಕೋಪದಲ್ಲಿ ಕೊಯ್ದ ಮೂಗು ಶಾಂತವಾದ ಮೇಲೆ ಬಂದೀತೇ ಅನ್ನುತ್ತಾರೆ, ಅಪ್ಪ ಮಗ ಇಬ್ಬರೂ ಕೊಯ್ದುಕೊಂಡಿರಿ, ನಡುವೆ ನಾನು ರಕ್ತ ಒರೆಸುತ್ತಾ ಕೂತೆ.

ನಿಮ್ಮಪ್ಪ ಶಾಕ್ರೋಗೆ ಬೆನ್ನು ತಿರುಗಿಸಿದರು. ದಾರೆಜಾನಳಿಗೆ, "ಪಕ್ಕದಲ್ಲಿ ಖಾಲಿ ಗುಡಾಣ ಇದೆ. ಅದರ ಮೇಲೆ ಮಣ್ಣೆಳೆದುಕೊಂಡು ನಿಮ್ಮ ಆಟ ಆಡ್ಕೊಳ್ಳಿ" ಅಂದರು. ಮದುಮಗನ ತಂದೆಯ ಪಾತ್ರವನ್ನೂ ಅವರೇ ಮಾಡಬೇಕೆಂದು ಅವಳು ಹಟ ಹಿಡಿದಳು. ಇಡೀ ಕಣಿವೆಯಲ್ಲಿ ಇಂಥ ಮೀಸೆ ಸಿಗಲಿಲ್ಲವಂತೆ. ಅದಕ್ಕೂ ಹೂಂ ಅಂದರು. ನನಗೆ ಆಶ್ಚರ್ಯವಾಯಿತು, ಆದರೆ ಮೀಸೆ ಹೊಗಳಿದರೆ ಕರಗದ ಗಂಡಸನ್ನು ನಾನಿನ್ನೂ ಕಂಡಿಲ್ಲ.

ಚಿತ್ರ ತೆಗೆಯುವ ದಿನ ಮಧ್ಯಾಹ್ನ ಮರಾನಿಯ ಆ ಒಂದು ಪುಟ್ಟ ಕಿಟಕಿಯಿಂದ ಬಿಸಿಲು ಬರುವ ಹೊತ್ತಿಗೆ ಎಲ್ಲ ಸಿದ್ಧವಾಗಿತ್ತು. ತಿಬಿಲಿಸಿಯ ಇಬ್ಬರು ವಿದ್ಯಾರ್ಥಿಗಳು ಮದುಮಗ ಮದುಮಗಳಾಗಿ ನಿಂತಿದ್ದರು, ಊರಿನ ಗಂಡಸರು ಗೋಡೆಗುಂಟ. ನಾವು ಹೆಂಗಸರು ಬಾಗಿಲಲ್ಲಿ. ಯಂತ್ರ ಹೊಲಿಗೆ ಮಿಷನ್ನಿನ ಹಾಗೆ ಕಟಕಟ ಅನ್ನತೊಡಗಿತು. ನಿಮ್ಮಪ್ಪ ಸುಳ್ಳು ಮಣ್ಣು ಸರಿಸಿದರು, ಸುಳ್ಳು ಮುಚ್ಚಳ ಎತ್ತಿದರು, ಸೋರೆಬುರುಡೆಯ ಸೌಟಿನಲ್ಲಿ ತೆಗೆದು ಕುಡಿಯುವ ಕೊಂಬಿಗೆ ಹುಯ್ದರು, ಕೊಂಬನ್ನು ಎತ್ತಿದರು. ಇನ್ನೇನು ಮಾತು ಹೊರಡಬೇಕು, ಮೂಗಿಗೆ ವಾಸನೆ ಬಡಿದಿರಬೇಕು. ಕೊಂಬನ್ನು ಕೆಳಗಿಳಿಸಿ ಒಳಗೆ ನೋಡಿದರು. ಚಹಾದ ನೀರು! ಬಣ್ಣ ಬರಲಿ ಅಂತ ಸಿನಿಮಾದವರು ಖಾಲಿ ಗುಡಾಣಕ್ಕೆ ಚಹಾ ಕಾಸಿ ಹುಯ್ದಿದ್ದರು ನೋಡು. ಗೋಡೆಗುಂಟ ನಿಂತ ಗಂಡಸರ ಮುಖ ನೋಡಬೇಕಿತ್ತು ನೀನು, ಯಾರೋ ಸತ್ತ ಹಾಗೆ. ದಾರೆಜಾನ್ ಕೈಮುಗಿದು, "ಅಪ್ಪಾಜಿ, ಪರದೆ ಮೇಲೆ ಗೊತ್ತಾಗಲ್ಲ, ಹೇಳಿಬಿಡಿ, ಬಿಸಿಲು ಹೋಗ್ತಿದೆ" ಅಂದಳು. ನಿಮ್ಮಪ್ಪ ಮೆತ್ತಗೆ, "ಮಗಳೇ, ನೀರು ಹಿಡ್ಕೊಂಡು ಹರಸಿದ್ರೆ ಹರಕೆ ಯಾರಿಗೂ ಮುಟ್ಟಲ್ಲ. ಸುಳ್ಳು ಮಾತು ಆಡಬಹುದು, ಸುಳ್ಳು ಹರಕೆ ಕೊಡಕ್ಕಾಗಲ್ಲ" ಅಂದು ಹೊರಗೆ ನಡೆದೇಬಿಟ್ಟರು. ಬೆಕ್ಕಿಗೆ ಆಟ, ಇಲಿಗೆ ಪ್ರಾಣಸಂಕಟ ಅನ್ನುತ್ತಾರಲ್ಲ, ಅಂದು ಯಾರು ಬೆಕ್ಕು ಯಾರು ಇಲಿ ಅಂತ ನನಗೆ ತಿಳಿಯಲಿಲ್ಲ. ಆ ಹುಡುಗಿ ಕೋಟಿನ ತೋಳಿನಿಂದ ಕಣ್ಣೊರೆಸಿಕೊಂಡಳು. ಮಾರನೆಯ ದಿನ ಅವರ ಲಾರಿ ಹೊರಡಬೇಕಿತ್ತು.

ನಿಮ್ಮಪ್ಪ ಹಿತ್ತಿಲ ದಾಳಿಂಬೆಯ ಕೆಳಗೆ ಸ್ವಲ್ಪ ಹೊತ್ತು ನಿಂತರು. ಆಮೇಲೆ ಗೋಡೆಗೆ ಒರಗಿಸಿದ್ದ ಗುದ್ದಲಿ ತೆಗೆದುಕೊಂಡು, ಯಾರನ್ನೂ ನೋಡದೆ ಒಳಗೆ ಬಂದು, ಕಿಟಕಿಯ ಕೆಳಗಿನ ಮೂಲೆಗೆ ಹೋದರು. ಆ ಮೂಲೆ ಯಾವುದು ಅಂತ ನಿನಗೆ ಹೇಳಬೇಕಾಗಿಲ್ಲ. ಮೊದಲ ಏಟು ಬಿದ್ದಾಗ ನಾನು ಬಾಗಿಲಿನ ಚೌಕಟ್ಟು ಹಿಡಿದುಕೊಂಡೆ. ದಾರೆಜಾನ್ ಯಂತ್ರದವನ ಭುಜ ತಟ್ಟಿದಳು, ಅವನು ಯಂತ್ರವನ್ನು ಆ ಕಡೆ ತಿರುಗಿಸಿದ. ಮಣ್ಣು ಸರಿಯಿತು, ಕಲ್ಲಿನ ಮುಚ್ಚಳ ಕಂಡಿತು, ಮುಚ್ಚಳದ ಮೇಲೆ ಮೆತ್ತಿದ ಮಣ್ಣಿನಲ್ಲಿ ನೀನು ಹುಟ್ಟಿದ ವಾರ ನಿಮ್ಮಪ್ಪ ಹೆಬ್ಬೆರಳಿನಿಂದ ಕೊರೆದ ನಿನ್ನ ಹೆಸರು ಬಿರುಕು ಬಿಟ್ಟುಕೊಂಡು ಹಾಗೇ ಇತ್ತು. ಆ ಹೆಸರಿನ ಮೇಲೆ ಅಂಗೈ ಇಟ್ಟರು, ಆಮೇಲೆ ಎಬ್ಬಿಸಿದರು. ಮಗಾ, ನನಗೆ ಆಗ ಬಂದ ಭಯ ಒಂದೇ: ಇಷ್ಟು ವರ್ಷ ಮಣ್ಣಿನೊಳಗಿದ್ದದ್ದು ಹುಳಿಯಾಗಿ ಕೆಟ್ಟಿದ್ದರೆ? ಊರೆಲ್ಲ ನೋಡುತ್ತಿದೆ, ಹುಳಿಯಾಗಿದ್ದರೆ ನಿನ್ನ ಸಂಸಾರಕ್ಕೆ ಅದೇ ಶಕುನ ಅಂತ ಆಡಿಕೊಳ್ಳುವ ಬಾಯಿಗಳೂ ಅಲ್ಲೇ ನಿಂತಿದ್ದವು. ನಿಮ್ಮಪ್ಪ ಸೌಟು ಇಳಿಬಿಟ್ಟು ತೆಗೆದು ಮೂಸಿದರು. ಅವರ ಮೀಸೆ ಅದುರಿತು. ಜೇನಿನ ಬಣ್ಣ, ಬಿಸಿಲಿಗೆ ಹಿಡಿದರೆ ಆಚೆ ಬೆರಳು ಕಾಣುವಷ್ಟು ತಿಳಿ. ಒಣಗಿದ ಏಪ್ರಿಕಾಟಿನ ಘಮ ಬಾಗಿಲಿನವರೆಗೆ ಬಂತು.

ರೊಟ್ಟಿಯ ಚೂರಿನ ಮೇಲೆ ತೀರಿಹೋದ ಹಿರಿಯರಿಗೆ ಒಂದೆರಡು ಹನಿ ಬಿಟ್ಟು, ಕೊಂಬು ತುಂಬಿ ಎತ್ತಿದರು. ಚಿತ್ರದ ಮದುಮಗನ ಹೆಸರು ಗೋಗಿ ಅಂತ, ಬೆಳಗಿನಿಂದ ಅವರಿಗೆ ಬಾಯಿಪಾಠ ಮಾಡಿಸಿದ್ದರು. ನಿಮ್ಮಪ್ಪ ಆ ಹುಡುಗನನ್ನು ನೋಡಲೇ ಇಲ್ಲ. ಕಿಟಕಿಯ ಬೆಳಕನ್ನು ನೋಡಿಕೊಂಡು, "ನನ್ನ ಎಲ್ಗುಜಾನಿಗೆ. ನನ್ನ ಸೊಸೆ ರೌಶಾನಳಿಗೆ. ನಾನು ಇಲ್ಲದೆ ಆದ ಮದುವೆಗೆ ಇವತ್ತು ನಾನು ಬಂದಿದ್ದೀನಿ. ಅವರ ಒಲೆ ಆರದಿರಲಿ. ಜಯವಾಗಲಿ!" ಅಂದರು. ರೌಶಾನ್ ಎಂಬ ಹೆಸರನ್ನು ಅಷ್ಟು ಸರಿಯಾಗಿ ಅಂದರಲ್ಲ! ಚಪ್ಪಲಿ ಹೊಲಿಯುತ್ತಾ ಕೂತವರಿಗೆ ಎಲ್ಲವೂ ಕೇಳಿಸಿತ್ತು. ಗಂಡಸರೆಲ್ಲ "ಜಯವಾಗಲಿ!" ಅಂದ ಸದ್ದಿಗೆ ಸೂರಿನಿಂದ ಮಣ್ಣುದುರಿತು. ನಾನು ಅತ್ತೆ, ಹೇಳಲು ನಾಚಿಕೆಯೇನು, ಗಟ್ಟಿಯಾಗಿಯೇ ಅತ್ತೆ. ಆ ಹೊತ್ತಿಗೆ ಯಂತ್ರ ಕಟ್ ಅಂದಿತು, ಒಳಗಿನ ಫಿಲ್ಮು ಮುಗಿದಿತ್ತು. ಇನ್ನೊಮ್ಮೆ ತೆಗೆಯುವ ಮಾತೇ ಇರಲಿಲ್ಲ.

ತೆರೆದ ಗುಡಾಣವನ್ನು ಮತ್ತೆ ಮುಚ್ಚುವ ಹಾಗಿಲ್ಲವಲ್ಲ. ಸಂಜೆಗೆ ಊರಿಗೆ ಊರೇ ಬಂತು. ಒಬ್ಬರು ರೊಟ್ಟಿ, ಒಬ್ಬರು ಗಿಣ್ಣು, ಶಾಕ್ರೋ ತನ್ನ ಕೊಬ್ಬಿದ ಟಗರನ್ನೇ ಎಳೆದುಕೊಂಡು ಬಂದ. ನಿನ್ನ ಮದುವೆ ಆಯಿತು ಮಗಾ, ನೀನಿಲ್ಲದೆ. ನಿಮ್ಮಿಬ್ಬರ ಜಾಗದಲ್ಲಿ ಆ ವಿದ್ಯಾರ್ಥಿಗಳನ್ನೇ ಕೂರಿಸಿದೆವು, ಪಾಪ, ನಾಚಿ ನೀರಾದರು. ಊರಿಗೆಲ್ಲ ಹಿರಿಯಳಾದ ಪೆಲಾಗಿಯಾ ಅಜ್ಜಿ ತನ್ನ ಬೆಳ್ಳಿಯ ಬಳೆ ತೆಗೆದು ಆ ಹುಡುಗಿಯ ಕೈಗೆ ತೊಡಿಸಿದಳು. ಹುಡುಗಿ "ಅಜ್ಜಿ, ನಾನು ಬರೀ ಪಾತ್ರದವಳು, ಬೇಡ" ಅಂತ ಬಿಚ್ಚಲು ಹೋದರೆ, ಅಜ್ಜಿ, "ನಿಂಗಲ್ಲ ಕಣೇ ಕೊಟ್ಟಿದ್ದು, ಆ ಕಜಾಕರ ಹುಡುಗಿಗೆ. ಅವಳ ಕೈ ಇಲ್ಲಿಗೆ ಎಟುಕಲ್ಲ, ನಿನ್ನ ಕೈ ಸಾಲ ಕೊಡು" ಅಂದಳು. ಬಳೆ ಈಗ ನನ್ನ ಪೆಟ್ಟಿಗೆಯಲ್ಲಿದೆ, ರೌಶಾನ್ ಬಂದು ತೊಟ್ಟುಕೊಳ್ಳಬೇಕು. ಅಂಚೆಯಲ್ಲಿ ಕಳಿಸುವುದಿಲ್ಲ.

ಮಾರನೆಯ ಬೆಳಿಗ್ಗೆ ನಾನು ಕಾಗದ ಹಿಡಿದು ಕೂತದ್ದನ್ನು ನೋಡಿ ನಿಮ್ಮಪ್ಪ ಬಂದು ನಿಂತರು. "ಬರೀಬೇಡ. ಸಿನಿಮಾ ಊರೂರಿಗೆ ಹೋಗುತ್ತಂತೆ. ಅವನಿರೋ ಕಡೆಗೂ ಹೋಗುತ್ತೆ. ಅವನೇ ನೋಡಲಿ, ನನ್ನ ಬಾಯಿಂದಲೇ ಕೇಳಲಿ" ಅಂದರು. ಅದಕ್ಕೇ ನಾನು ಒಂದು ಸಾಲು ಬರೆದು ಬಿಟ್ಟದ್ದು. ಬೇಸಿಗೆಯೆಲ್ಲ ಅಂಚೆಯವನನ್ನು ತಡೆದು, ಆ ಕಡೆ ಸಿನಿಮಾ ಎಷ್ಟು ದಿನಕ್ಕೆ ಮುಟ್ಟುತ್ತೆ ಅಂತ ಕೇಳುತ್ತಿದ್ದರು. ಅಂಚೆಯವನಿಗೇನು ಗೊತ್ತು, ಒಮ್ಮೊಮ್ಮೆ ಒಂದೊಂದು ಹೇಳುತ್ತಿದ್ದ.

ಈಗ ಗುರುವಾರದ ಮಾತು. ಕ್ಲಬ್ಬಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ದಾರೆಜಾನ್ ತಾನೇ ಡಬ್ಬಿ ಹಿಡಿದುಕೊಂಡು ಬಂದಿದ್ದಳು. ದೀಪ ಆರಿತು. ಎಲ್ಗುಜಾ, ಹೇಗೆ ಹೇಳಲಿ, ನನ್ನ ಹತ್ತಿರ ಅಷ್ಟು ಮಾತಿಲ್ಲ. ಮದುವೆಯಾಗಿ ಬಂದಾಗಿನಿಂದ ಗುಡಿಸಿದ ಮರಾನಿ ಅದು, ಆದರೆ ಕಿಟಕಿಯಿಂದ ಬಿಸಿಲು ಒಳಗೆ ಬರುವುದನ್ನು ನಾನು ಅವತ್ತೇ ನೋಡಿದ್ದು. ಬಿಸಿಲಿನಲ್ಲಿ ಧೂಳು ಮೆಲ್ಲಗೆ ಏಳುತ್ತಿತ್ತು, ಇಗರ್ಜಿಯೊಳಗಿನ ಧೂಪದ ಹಾಗೆ. ನಿಮ್ಮಪ್ಪನ ಕೈಗಳು ಪರದೆಯ ತುಂಬ ಬಂದವು. ಒಂದೊಂದು ಉಗುರು ತಟ್ಟೆಯಷ್ಟು, ಅಂಗೈಯ ಗೆರೆಗಳು ನೇಗಿಲ ಸಾಲಿನಷ್ಟು. ಈ ಕೈಗಳಿಗೆ ನಾನು ಇಷ್ಟು ವರ್ಷ ರೊಟ್ಟಿ ಕೊಟ್ಟಿದ್ದೇನೆ, ಬೈದಿದ್ದೇನೆ, ಮುಳ್ಳು ತೆಗೆದಿದ್ದೇನೆ, ಒಂದು ದಿನವೂ ನೋಡಿರಲಿಲ್ಲ. ಆಮೇಲೆ ನಿನ್ನ ಹೆಸರು ಬಂತು. ಬಾಗಿಲಿನಷ್ಟು ಎತ್ತರದ ಅಕ್ಷರಗಳು, ಬಿರುಕಿನ ಸಮೇತ. ಕ್ಲಬ್ಬಿನಲ್ಲಿ ಯಾರೋ ಮೆಲ್ಲಗೆ ಅದನ್ನು ಓದಿದರು, ಇನ್ನೊಬ್ಬರು ಓದಿದರು, ಕೊನೆಗೆ ಎಲ್ಲರೂ ನಿನ್ನ ಹೆಸರನ್ನು ಅಂದ ಹಾಗೆ ಕೇಳಿಸಿತು. ನಾನು ಶಿಲುಬೆಯ ಗುರುತು ಹಾಕಿಕೊಂಡೆ, ದೇವರ ಹೆಸರು ಸೇರದ ಸಾಮೂಹಿಕ ಫಾರ್ಮಿನ ಅಧ್ಯಕ್ಷರು ಮುಂದಿನ ಸಾಲಿನಲ್ಲಿದ್ದಾರೆ ಎನ್ನುವುದನ್ನೂ ಮರೆತು.

ಚಿತ್ರದಲ್ಲಿ ಮಾತಿಲ್ಲ, ಅವರ ಯಂತ್ರ ದನಿ ಹಿಡಿಯುವಂಥದ್ದಲ್ಲವಂತೆ. ಮೂವರು ಗಂಡಸರ ಹಾಡು ಮಾತ್ರ ದೂರದಿಂದ ಕೇಳುತ್ತಿರುತ್ತದೆ. ಗೋಗಿಯ ಹೆಸರು ಹೇಳಿ ಬೇರೆಯವರ ದನಿ ಸೇರಿಸು ಅಂತ ತಿಬಿಲಿಸಿಯ ಸ್ಟುಡಿಯೋದ ದೊಡ್ಡವರು ದಾರೆಜಾನಳಿಗೆ ಅಂದಿದ್ದರಂತೆ, ಅವಳು ಒಪ್ಪಲಿಲ್ಲವಂತೆ. ನಿಮ್ಮಪ್ಪನ ಬಾಯಿ ಆಡುವುದು ಕಾಣುತ್ತದೆ, ಮಾತು ಕೇಳಿಸುವುದಿಲ್ಲ. ಆದರೆ ನಮಗೆ ಕೇಳಿಸಬೇಕೇ? ಅವರು ಪರದೆಯ ಮೇಲೆ ಕೊಂಬು ಎತ್ತಿದ್ದೇ ತಡ, ಕ್ಲಬ್ಬಿನ ಗಂಡಸರೆಲ್ಲ ಬೆಂಚು ಬಿಟ್ಟು ಎದ್ದು ನಿಂತರು. ಹರಸುವಾಗ ಕೂತಿರಲು ಆಗುತ್ತದೆಯೇ? ಹಿಂದಿನವರಿಗೆ ಕಾಣುವುದಿಲ್ಲ ಕೂತ್ಕೊಳ್ರಯ್ಯಾ ಅಂತ ಸಿನಿಮಾ ಬಿಡುವವನು ಕೂಗಿಕೊಂಡ, ಯಾರು ಕೇಳುತ್ತಾರೆ? ಪರದೆಯ ಮೇಲಿನ ತುಟಿ ನಿಂತ ಕೂಡಲೇ "ಜಯವಾಗಲಿ!" ಅಂದರು, ಖಾಲಿ ಕೈಗಳನ್ನು ಎತ್ತಿ. ನನ್ನ ಪಕ್ಕದಲ್ಲಿ ನಿಮ್ಮಪ್ಪನೂ ಎದ್ದಿದ್ದರು. ತಮ್ಮದೇ ಹರಕೆಗೆ ತಾವೇ ಟೋಪಿ ತೆಗೆದು ನಿಂತಿದ್ದರು. ಮೇಲೆ ಒಬ್ಬ ಇರೋದಿ, ಕೆಳಗೆ ಒಬ್ಬ ಇರೋದಿ, ಇಬ್ಬರೂ ಅಳುತ್ತಿದ್ದರು. ದೇವರು ನನಗೆ ಇದನ್ನೂ ತೋರಿಸಿದನಲ್ಲ ಅಂದುಕೊಂಡೆ.

ಮುಗಿದ ಮೇಲೆ ದಾರೆಜಾನ್ ನನ್ನನ್ನು ಬದಿಗೆ ಕರೆದಳು. "ಅಮ್ಮಾ, ಅವರಿಗೆ ಹೇಳೋಕೆ ನನಗೆ ಧೈರ್ಯ ಇಲ್ಲ. ಇದು ಹೊಸಬರ ಸಣ್ಣ ಚಿತ್ರ. ತಿಬಿಲಿಸಿಯಲ್ಲಿ ಎರಡು ಮೂರು ಸಲ ತೋರಿಸ್ತಾರೆ, ಆಮೇಲೆ ಡಬ್ಬಿ ಕಪಾಟಿಗೆ ಹೋಗುತ್ತೆ. ಕಜಕ್‌ಸ್ತಾನದವರೆಗೆ ಹೋಗಲ್ಲ" ಅಂದಳು. ಮನೆಗೆ ಬರುವ ದಾರಿಯಲ್ಲಿ ನಿಮ್ಮಪ್ಪ, "ಇಲ್ಲಿಗೆ ಬಂತು ಅಂದಮೇಲೆ ಇನ್ನು ಅಲ್ಲಿಗೂ ಹೊರಟ ಹಾಗೇ" ಅಂದರು. ನಾನು ಹೂಂ ಅಂದೆ. ಅದಕ್ಕೇ ಈ ಪತ್ರ. ಅದು ನಿನ್ನಲ್ಲಿಗೆ ಬರುವುದಿಲ್ಲ ಮಗಾ. ನಾನು ಬರೆದದ್ದನ್ನೇ ನೀನು ನೋಡಿದ್ದು ಅಂದುಕೋ. ರೌಶಾನಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಅವಳಿಗೆ ತಿಳಿಯುವ ಭಾಷೆಯಲ್ಲಿ ಓದು. ಹರಕೆಯ ಸಾಲು ಬಂದಾಗ ಎದ್ದು ನಿಲ್ಲು, ಅವಳು ಕೂತೇ ಇರಲಿ, ಬಸುರಿಗೆ ವಿನಾಯಿತಿ ಇದೆ. ನಿಂತು, ಗಟ್ಟಿಯಾಗಿ ಉತ್ತರ ಕೊಡು. ಆಮೇಲೆ ಅಪ್ಪನಿಗೆ ಬರೆ, ನನಗಲ್ಲ.

ನಿಮ್ಮಿಬ್ಬರ ಹಣೆಗೂ ನನ್ನ ಮುತ್ತು. ಒಲೆಯಲ್ಲಿ ಬೆಂಕಿ, ಬಾಗಿಲಲ್ಲಿ ನೆಂಟರು, ಮೈಯಲ್ಲಿ ಶಕ್ತಿ ಇರಲಿ. ಶಾಕ್ರೋ ಮಾಮ, ಪೆಲಾಗಿಯಾ ಅಜ್ಜಿ, ಹಸು, ಕೋಳಿಗಳು ಎಲ್ಲರೂ ಕೇಳಿದೆವೆಂದು ಹೇಳಿದ್ದಾರೆ.

ನಿನ್ನ ಅಮ್ಮ,
ಮಾಕ್ವಾಲಾ

ಮತ್ತೆ, ಸೋಮವಾರ ಬೆಳಿಗ್ಗೆ: ಲಕೋಟೆ ಅಂಟಿಸುತ್ತಿದ್ದೆ, ನಿಮ್ಮಪ್ಪ ಮರಾನಿಯಿಂದ ಬಂದು ಬಾಗಿಲಲ್ಲಿ ನಿಂತರು, ಮೊಣಕೈಯವರೆಗೆ ಕೆಸರು. ಅವಸರದಲ್ಲಿ ಬರೆಯುತ್ತಿದ್ದೇನೆ, ಅಂಚೆಯವನು ಹೊರಗೆ ಕಾಯುತ್ತಿದ್ದಾನೆ. ನಿನ್ನ ಗುಡಾಣವನ್ನು ಬೇಸಿಗೆಯಲ್ಲಿ ಅವರೇ ಒಳಗಿಳಿದು ಚೆರ್ರಿ ತೊಗಟೆಯಿಂದ ಉಜ್ಜಿ ತೊಳೆದಿದ್ದರು, ನೋವಿನ ಮಂಡಿಯಲ್ಲಿ. ಸುಗ್ಗಿಯಲ್ಲಿ ಒಳ್ಳೆಯ ದ್ರಾಕ್ಷಿಯ ರಸವನ್ನೆಲ್ಲ ಅದಕ್ಕೇ ಹುಯ್ದರು. ಯಾರಿಗೆ ಅಂತ ನಾನು ಕೇಳಲಿಲ್ಲ, ಅವರು ಹೇಳಲಿಲ್ಲ. ಮುಚ್ಚಳ ಇಟ್ಟಾಗಿದೆ. ಮೇಲೆ ಮೆತ್ತುವ ಮಣ್ಣು ಕಲಸಿ ಒದ್ದೆ ಗೋಣಿ ಹೊದಿಸಿದ್ದಾರೆ, ಒಣಗಬಾರದು ಅಂತ ದಿನಾ ನೀರು ಚಿಮುಕಿಸುತ್ತಿದ್ದಾರೆ. ಈಗ ಕೇಳಿದರು, "ಅಲ್ಲಿ ಇನ್ನೂ ಹುಟ್ಟಲಿಲ್ವಾ?" ಅಂತ. ಗಂಡಾಗಲಿ ಹೆಣ್ಣಾಗಲಿ, ಹುಟ್ಟಿದ ದಿನವೇ ಹೆಸರನ್ನು ತಂತಿಯಲ್ಲಿ ಕಳಿಸಬೇಕಂತೆ, ಈ ಸಲ ಅವರೇ ಸಹಿ ಹಾಕಿ ತೆಗೆದುಕೊಳ್ಳುತ್ತಾರಂತೆ. ಇನ್ನೊಂದು ಮಾತನ್ನೂ ಬರೆ ಅಂತ ನನ್ನ ತಲೆಯ ಮೇಲೇ ನಿಂತಿದ್ದಾರೆ: "ಕಜಾಕರ ಹೆಸರಾದ್ರೆ ಅಕ್ಷರ ಬಿಡಿಸಿ ಬಿಡಿಸಿ ಕಳಿಸೋಕೆ ಹೇಳು. ತಪ್ಪು ಕೊರೆದುಬಿಟ್ರೆ ಮಗುವಿನ ಮದುವೆ ತನಕ ತಪ್ಪೇ ಇರುತ್ತೆ."